ಹುರುಳಿಯ ಗಂಟು

ನಾನು ಅರಸೀಕೆರೆ ಕಡೆಯ ಬಯಲಿನವಳು. 1981ರಲ್ಲಿ ಮದುವೆಯಾಗಿ ಸಕಲೇಶಪುರಕ್ಕೆ ಬಂದಾಗ ಹಾಸನ–ಮಂಗಳೂರು ರೈಲು ಶುರುವಾಗಿ ಎರಡೇ ವರ್ಷ. ಆ ರೈಲಿನಲ್ಲಿ ಅಮ್ಮ ನನ್ನ ಜೊತೆ ಕಳಿಸಿದ್ದು ಹತ್ತು ತೆಂಗಿನಕಾಯಿ, ನಾಲ್ಕು ಸೇರು ಹುರುಳಿ. ಕಾಫಿ, ಏಲಕ್ಕಿ ಬೆಳೆಯುವವರ ಮನೆಗೆ ಹುರುಳಿಯೇ ಎಂದು ನನಗೆ ನಾಚಿಕೆ. ಇಂಗ್ಲಿಷರು ಅದಕ್ಕೆ ಇಟ್ಟ ಹೆಸರೇ ಕುದುರೆಯ ಕಾಳು!

ಅದರ ಮನೆತನ ಎಷ್ಟು ಹಳೆಯದೆಂದು ಗೊತ್ತಾದದ್ದು ಆಮೇಲೆ. ಬಳ್ಳಾರಿ ಹತ್ತಿರದ ಸಂಗನಕಲ್ಲಿನಲ್ಲಿ ನವಶಿಲಾಯುಗದ ನೆಲೆಯನ್ನು ಅಗೆದಾಗ ಸುಟ್ಟು ಕರಿಕಾದ ಹುರುಳಿ, ಹೆಸರು ಸಿಕ್ಕಿವೆ. 3,000 ವರ್ಷಕ್ಕೂ ಹಿಂದಿನವು. ಒಗ್ಗರಣೆಗೆ ಮುರಿದು ಹಾಕುವ ಒಣಮೆಣಸಿನಕಾಯಿ ಅದರ ಮುಂದೆ ನಿನ್ನೆ ಮೊನ್ನೆಯ ಕೂಸು. ಪೋರ್ಚುಗೀಸರ ಹಡಗಿನಲ್ಲಿ ಅದು ಬರುವ ಮುಂಚೆ ಖಾರಕ್ಕೆ ಈ ಘಟ್ಟದ ಕಾಳುಮೆಣಸೇ ಗತಿ.

ಜುಲೈ ತಿಂಗಳು. ವಾರದಿಂದ ಬಿಸಿಲಿಲ್ಲ, ಸಂತೆಯಲ್ಲಿ ತರಕಾರಿಯಿಲ್ಲ. ತವರಿನಂತೆಯೇ ಹುರುಳಿ ನೆನೆಸಿ ಒದ್ದೆ ಬಟ್ಟೆಯಲ್ಲಿ ಕಟ್ಟಿಟ್ಟೆ. ಮೂರನೆಯ ದಿನ ಬಿಚ್ಚಿದರೆ ಲೋಳೆ, ಹುಳಿ ವಾಸನೆ! ಕತ್ತಲಲ್ಲಿ ಹಿತ್ತಲಿಗೆ ಚೆಲ್ಲಲು ಹೊರಟವಳು ಅತ್ತೆಯ ಕೈಗೆ ಸಿಕ್ಕಿಬಿದ್ದೆ. ಬೈಯಲಿಲ್ಲ. "ಬಾಣಂತಿ ಇದ್ದಂಗೆ ಕಣಮ್ಮ ಇದು, ಬೆಚ್ಚಗಿಡಬೇಕು" ಎಂದು ಹೊಸದಾಗಿ ನೆನೆಸಿ, ಗಂಟು ಕಟ್ಟಿ, ಬಚ್ಚಲ ಹಂಡೆಯ ಪಕ್ಕ ಹುಲ್ಲಿನ ಬುಟ್ಟಿಯಲ್ಲಿಟ್ಟರು. ಎರಡನೆಯ ದಿನಕ್ಕೆ ಬಟ್ಟೆಯ ನೂಲಿನ ಸಂದಿಯಿಂದ ಬಿಳಿ ಮೊಳಕೆ ಇಣುಕಿತು.

ಕಾಳನ್ನು ಉಪ್ಪುನೀರಿನಲ್ಲಿ ಬೇಯಿಸಿ ಬಸಿದರು. ಬಸಿದ ಕಟ್ಟು ಸಾರಿಗೆ, ಕಾಳು ಪಲ್ಯಕ್ಕೆ. ಸಾಸಿವೆ, ಜಜ್ಜಿದ ಬೆಳ್ಳುಳ್ಳಿ, ಕರಿಬೇವು, ಈರುಳ್ಳಿ. ಕಾಳು ಬಿದ್ದು ನೀರಾರಿದ ಮೇಲೆ, ಕೊನೆಗೆ ತೆಂಗಿನ ತುರಿ. ತುರಿ ಹಾಕಿ ಒಂದು ಸಲ ಕೈಯಾಡಿಸಿ ಇಳಿಸಿಬಿಡಬೇಕು. ಒಲೆಯ ಮೇಲೆ ಬಿಟ್ಟರೆ ಅದರ ಸಿಹಿ ಹೋಗುತ್ತದೆ. ಜೊತೆಗೆ ಅಕ್ಕಿ ಕಡುಬು.

ಆ ಮನೆಯಲ್ಲಿ ಗಂಡಸರದು ಮೊದಲ ಪಂಕ್ತಿ. ಅವರು ಏಳುವಷ್ಟರಲ್ಲಿ ಪಲ್ಯದ ಬಾಣಲೆ ಬೋಳು. ನಮಗೆ ಕಟ್ಟಿನ ಸಾರು. "ಸತ್ವವೆಲ್ಲ ಕಟ್ಟಿನಲ್ಲೇ ಇರುತ್ತೆ" ಎಂದು ಅತ್ತೆ ಹೇಳುತ್ತಿದ್ದರು, ನಾನು ನಂಬುತ್ತಿದ್ದೆ. ಸತ್ವ ಇರಬಹುದು, ತೆಂಗಿನ ತುರಿ ಇರುವುದಿಲ್ಲವಲ್ಲ! ಅಂದು ಮಾತ್ರ ಎಲೆ ಹಾಕುವ ಮೊದಲೇ ಅವರು ಒಂದು ಬಟ್ಟಲು ಪಲ್ಯ ತೆಗೆದು ಅಕ್ಕಿ ಡಬ್ಬದ ಹಿಂದಿಟ್ಟರು. ಪಂಕ್ತಿ ನಡೆಯುತ್ತಿರುವಾಗಲೇ ನನ್ನನ್ನು ಒಳಗೆ ಕರೆದು, "ತಿನ್ನು, ಬಿಸಿ ಆರೋಗ್ತದೆ" ಎಂದರು. ನಾನು ಅರ್ಧ ಅವರತ್ತ ಸರಿಸಿದೆ. ಈ ಮನೆಗೆ ಬಂದ ಮೂವತ್ತು ವರ್ಷದಲ್ಲಿ ಬಿಸಿ ಪಲ್ಯ ತಿಂದದ್ದು ಎಷ್ಟು ಸಲ ಎಂದು ಬೆರಳು ಮಡಿಸಿ ಎಣಿಸತೊಡಗಿದವರು, ಮೂರಕ್ಕೆ ನಿಂತರು.

ಅತ್ತೆ ಹೋಗಿ ಬಹಳ ವರ್ಷವಾಯಿತು. ಹಂಡೆಯೂ ಇಲ್ಲ, ಗೀಸರ್ ಬಂದಿದೆ. ಮಳೆಗಾಲದಲ್ಲಿ ಗಂಟನ್ನು ಫ್ರಿಜ್ಜಿನ ಹಿಂದೆ, ಬೆಚ್ಚಗಿರುವ ಕಡೆ ಇಡುತ್ತೇನೆ. ಈಗ ಎಲ್ಲರೂ ಒಟ್ಟಿಗೇ ಕೂತು ಉಣ್ಣುತ್ತೇವೆ. ಆದರೂ ಪಲ್ಯ ಇಳಿಸಿದ ಕೂಡಲೇ ನನ್ನ ಕೈ ಒಂದು ಬಟ್ಟಲು ಹುಡುಕುತ್ತದೆ. ಸೊಸೆ ನಗುತ್ತಾಳೆ.