ರುದ್ರನಾಟಕ

ಗ್ರೀಕರ ‘ಟ್ರಾಗೋದಿಯಾ’ಕ್ಕೆ ಬಿಡಿಬಿಡಿಯಾಗಿ ಅರ್ಥ ಹೇಳಿದರೆ ಹೋತದ ಹಾಡು. ಹೋತ ಬಹುಮಾನವೋ ಬಲಿಯೋ, ಪಂಡಿತರ ಜಗಳ ಇನ್ನೂ ಮುಗಿದಿಲ್ಲ. ಕನ್ನಡದಲ್ಲಿ ಅದಕ್ಕೆ ಎರಡು ಹೆಸರು: ದುರಂತ ನಾಟಕ, ರುದ್ರನಾಟಕ.

‘ದುರಂತ’ ಕೊನೆಯನ್ನಷ್ಟೇ ನೋಡುವ ಪದ. ಕೊನೆಯೇ ಲಕ್ಷಣವಾದರೆ ಈಸ್ಕಿಲಸ್‌ನ ‘ಯುಮೆನಿಡೀಸ್’ ಹೊರಗುಳಿಯಬೇಕಾದೀತು. ಅದು ಮುಗಿಯುವುದು ರಾಜಿಯಲ್ಲಿ. ಯೂರಿಪಿಡೀಸ್‌ನ ‘ಹೆಲೆನ್’ನಲ್ಲಂತೂ ಗಂಡ ಹೆಂಡತಿ ಕ್ಷೇಮವಾಗಿ ಪಾರಾಗುತ್ತಾರೆ. ‘ರುದ್ರ’ ಹಾಗಲ್ಲ. ಅದರಲ್ಲಿ ಭಯವಿದೆ, ದೈವವಿದೆ, ಮನುಷ್ಯನ ಮಿತಿಮೀರಿದ ಅಹಂಕಾರಕ್ಕೂ ಜಾಗವಿದೆ.

ಈ ಪ್ರಕಾರವನ್ನು ಕನ್ನಡಕ್ಕೆ ಒಗ್ಗಿಸಿದವರಲ್ಲಿ ಬಿ.ಎಂ. ಶ್ರೀಕಂಠಯ್ಯನವರು (‘ಶ್ರೀ’) ಮೊದಲಿಗರು. ಸೊಫೊಕ್ಲಿಸ್‌ನ ‘ಅಯಾಸ್’ ಅವರ ಕೈಯಲ್ಲಿ 1929ರ ‘ಅಶ್ವತ್ಥಾಮನ್’ ಆಯಿತು. ರುದ್ರಾಂಶದವನೆಂದು ಪುರಾಣ ಹೇಳುವ ವೀರನನ್ನೇ ಆರಿಸಿಕೊಂಡದ್ದು ಎಂಥ ಜಾಣತನ! 1935ರಲ್ಲಿ ಈಸ್ಕಿಲಸ್‌ನ ‘ಪಾರಸಿಕರು’ ಬಂತು. ಮುಂದೆ ಲಂಕೇಶರು ಈಡಿಪಸ್‌ನನ್ನು ಆಡುಮಾತಿಗೆ ತಂದರು.

ಇಂದು ‘ದುರಂತ’ ಪತ್ರಿಕೆಗಳ ಪಾಲಾಗಿದೆ: ರೈಲು ದುರಂತ, ದೋಣಿ ದುರಂತ. ನಾಟಕಕ್ಕೆ ‘ರುದ್ರ’ವೇ ಸರಿ ಎನ್ನಲು ಇದೂ ಒಂದು ಕಾರಣ. ಬೆಂಗಳೂರಿನ ತ್ಯಾಗರಾಜನಗರದವರು ಶ್ರೀಯವರನ್ನು ಓದಲು ದೂರ ಹೋಗಬೇಕಿಲ್ಲ, ಎಂ.ವಿ. ಸೀತಾರಾಮಯ್ಯನವರು 1979ರಲ್ಲಿ ಕಟ್ಟಿದ ಬಿ.ಎಂ.ಶ್ರೀ. ಪ್ರತಿಷ್ಠಾನ ಪಕ್ಕದ ನರಸಿಂಹರಾಜ ಕಾಲೊನಿಯಲ್ಲೇ ಇದೆ.