ಘಟ್ಟ ಹತ್ತಿದ ಸಾಲ, ಮೂಡಬಿದಿರೆಯ ನಟ

ಗೆಂಡೆಹಳ್ಳಿ ಸುತ್ತಿನ ಕಾಫಿ ತೋಟಗಳಲ್ಲಿ ರೈಟರ್ ಕೆಲಸ ಮಾಡಿದವನು ನಾನು. ಮಸ್ಟರ್ ಪುಸ್ತಕದಲ್ಲಿ ಹಾಜರಿ ಹಾಕುತ್ತ, ಬಟವಾಡೆಯ ದಿನ ಮುಂಗಡ ಮುರಿದುಕೊಳ್ಳುತ್ತ ವಯಸ್ಸು ಕಳೆಯಿತು. ಹಿಂದಿನ ಕಾಲದಲ್ಲಿ ಮೇಸ್ತ್ರಿ ಧಣಿಯಿಂದ ದುಡ್ಡು ಹಿಡಿದು ಘಟ್ಟ ಇಳಿಯುತ್ತಿದ್ದ. ಕೆಳಗಿನ ಹಳ್ಳಿಗಳಲ್ಲಿ ಅದನ್ನು ಹಂಚಿ, ತೀರುವ ತನಕ ದುಡಿಯಲು ಆಳುಗಳನ್ನು ಹತ್ತಿಸಿಕೊಂಡು ಬರುತ್ತಿದ್ದ. ಆ ಲೆಕ್ಕದಲ್ಲಿ ಹೆಸರು ಮಾತ್ರವಾಗಿದ್ದವನ ಮುಖ ನನಗೆ ಸರಿಯಾಗಿ ಕಂಡದ್ದು ನಟ ಎಂ.ವಿ. ವಾಸುದೇವರಾವ್ ಅವರಲ್ಲಿ.

1975ರ ಚಿತ್ರ 'ಚೋಮನ ದುಡಿ', ಬಿ.ವಿ. ಕಾರಂತರ ನಿರ್ದೇಶನ. ಅದರಲ್ಲಿ ಚೋಮ ಇವರೇ. ಅದಕ್ಕೆ ಮೂಲವಾದ ಶಿವರಾಮ ಕಾರಂತರ ಕಾದಂಬರಿ ಬಂದದ್ದು 1933ರಲ್ಲಿ. ಚೋಮನ ಮನೆಯಲ್ಲಿ ಎತ್ತುಗಳಿವೆ, ಉಳಲು ತುಂಡು ನೆಲವಿಲ್ಲ. ಹೊಲೆಯ ಆರಂಬ ಮಾಡಬಾರದೆಂಬುದು ಊರಿನ ಕಟ್ಟು. ಅವನ ತಲೆ ಮೇಲಿರುವುದು ಕಾಫಿ ತೋಟದ ಸಾಲ. ತೀರಿಸಲು ಗಂಡುಮಕ್ಕಳು ಘಟ್ಟ ಹತ್ತುತ್ತಾರೆ. ಒಬ್ಬ ಸಾಯುತ್ತಾನೆ, ಇನ್ನೊಬ್ಬ ಕ್ರೈಸ್ತ ಹುಡುಗಿಯನ್ನು ಕಟ್ಟಿಕೊಂಡು ಜಾತಿ ಬಿಡುತ್ತಾನೆ. ಕಡೆಗೆ ಮಗಳು ಬೆಳ್ಳಿ ಹೋಗುತ್ತಾಳೆ. ತೋಟದ ಧಣಿ ಅವಳ ಮೈಗೆ ಕೈಹಾಕಿ ಸಾಲ ಚುಕ್ತಾ ಮಾಡುತ್ತಾನೆ. ನಮ್ಮ ಕಡೆಯ ತೋಟಗಳ ಚರಿತ್ರೆ ಬರೆಯುವವರು ಬೆಳೆ, ಬೆಲೆ, ಬಿಳಿ ದೊರೆಗಳ ಬಂಗಲೆ ಎಲ್ಲ ಬರೆಯುತ್ತಾರೆ. ಈ ಚುಕ್ತಾ ಬರೆಯುವುದಿಲ್ಲ.

ವಾಸುದೇವರಾಯರು 1921ರಲ್ಲಿ ಮೂಡಬಿದಿರೆಯಲ್ಲಿ ಹುಟ್ಟಿದವರು. ಗುಬ್ಬಿ ಕಂಪನಿಯ ರಂಗದಲ್ಲಿ ಪಳಗಿದವರು. ಕಂಪನಿ ನಾಟಕವೆಂದರೆ ಕೊನೆಯ ಸಾಲಿಗೂ ಕೇಳುವ ಕಂಠ, ದೂರಕ್ಕೂ ಕಾಣುವ ಅಭಿನಯ. ಅಲ್ಲಿಂದ ಬಂದವರು ಕ್ಯಾಮೆರಾದೆದುರು ಅಷ್ಟೊಂದು ಒಳಕ್ಕೆ ಇಳಿದದ್ದೇ ನನಗೆ ದೊಡ್ಡದು. ಸಿಟ್ಟು, ಸಂತೋಷ, ಮಕ್ಕಳ ಸಾವು ಎಲ್ಲವೂ ದುಡಿಯ ಮೇಲೆ ಬಡಿಯುವ ಆ ಕೈಗಳಲ್ಲಿವೆ. ಆಗ ಅವರಿಗೆ ಐವತ್ತು ದಾಟಿತ್ತು. ಚಿತ್ರಕ್ಕೆ ಸ್ವರ್ಣಕಮಲ ಬಂತು, ಅವರಿಗೆ ಶ್ರೇಷ್ಠ ನಟನೆಂಬ ರಾಷ್ಟ್ರಪ್ರಶಸ್ತಿ. ಕನ್ನಡ ಚಿತ್ರವೊಂದರ ಅಭಿನಯಕ್ಕೆ ಶ್ರೇಷ್ಠ ನಟ ಪ್ರಶಸ್ತಿ ಸಿಕ್ಕಿದ್ದು ಅದೇ ಮೊದಲು.

1977ರಲ್ಲಿ ಮೃಣಾಲ್ ಸೇನ್ ವಾಸುದೇವರಾಯರನ್ನು ತೆಲುಗಿಗೆ ಕರೆದರು, 'ಒಕ ಊರಿ ಕಥ'ಗೆ. ಪ್ರೇಮಚಂದರ 'ಕಫನ್' ಆಧರಿಸಿದ್ದು. ಅಲ್ಲಿ ಅವರದು ವೆಂಕಯ್ಯ, ದುಡಿದರೆ ಹೊಟ್ಟೆ ತುಂಬುವುದು ಧಣಿಯದ್ದು, ನಾನೇಕೆ ದುಡಿಯಲಿ ಎನ್ನುವವನು. ಚೋಮ ದುಡಿಯಲು ನೆಲ ಕೊಡಿ ಎಂದು ಅಂಗಲಾಚಿದ. ವೆಂಕಯ್ಯ ದುಡಿತಕ್ಕೇ ಬೆನ್ನು ತಿರುಗಿಸಿದ. ಎರಡು ವರ್ಷದ ಅಂತರದಲ್ಲಿ ಈ ಇಬ್ಬರನ್ನೂ ಒಬ್ಬನೇ ನಟ ನಂಬಿಸಿದ್ದಾನೆ. ಆಮೇಲೂ ಪೋಷಕ ಪಾತ್ರಗಳು ಬಂದವು. 1987ರ ಮಣಿರತ್ನಂ ಚಿತ್ರ 'ನಾಯಗನ್'ನಲ್ಲಿ ಅನಾಥ ಹುಡುಗನನ್ನು ಸಾಕುವ ಹುಸೇನ್ ಭಾಯಿ ಇವರೇ.

ಚೋಮ ತೆರೆಗೆ ಬರುವ ಹಿಂದಿನ ವರ್ಷ, 1974ರಲ್ಲಿ, ಉಳುವವನೇ ಹೊಲದೊಡೆಯ ಎಂಬ ಕಾಯ್ದೆ ಜಾರಿಯಾಯಿತು. ಗೇಣಿ ಗದ್ದೆಗಳು ಕೈ ಬದಲಾದವು. ಕಾಫಿ ತೋಟಗಳಿಗೆ ಅದರಿಂದ ವಿನಾಯಿತಿ ಸಿಕ್ಕಿತು. ಚೋಮನ ಮಕ್ಕಳಂತೆ ಘಟ್ಟ ಹತ್ತಿ ಇಲ್ಲೇ ಉಳಿದವರ ಮೊಮ್ಮಕ್ಕಳು ತೋಟದ ಆಳುಗಳ ಲೈನ್ ಮನೆಯಲ್ಲೇ ಹುಟ್ಟಿದರು. ಕೆಲಸ ಬಿಟ್ಟ ದಿನ ಆ ಮನೆಯನ್ನೂ ಬಿಡಬೇಕು.