ಅಚ್ಚಿನ ಮೊಳೆಯೂ ನ್ಯಾಯದ ತಕ್ಕಡಿಯೂ

ಅಪರಾಧದ ನಿರ್ಣಯವಾಗುವುದು ನ್ಯಾಯಾಲಯದಲ್ಲಿ ಎಂದು ನಾವು ನಂಬಿದ್ದೇವೆ. ಅದಕ್ಕೂ ಮೊದಲೇ ಪತ್ರಿಕೆಯ ಅಂಕಣದಲ್ಲಿ ತೀರ್ಪು ಹೊರಬಿದ್ದಿರುವುದುಂಟು. ಅಮೆರಿಕದ ಕಪ್ಪು ಜನರ ಇತಿಹಾಸದಿಂದ ಇದಕ್ಕೊಂದು ನಿದರ್ಶನ ಕೊಡಬಯಸುತ್ತೇನೆ.

ಟೆನೆಸಿ ರಾಜ್ಯದ ಮೆಂಫಿಸ್ ನಗರದಲ್ಲಿ ಟಾಮಸ್ ಮಾಸ್ ಎಂಬ ಕಪ್ಪು ಅಂಚೆಪೇದೆಯೂ ಅವನ ಗೆಳೆಯರೂ ಕೂಡಿ ಒಂದು ದಿನಸಿ ಅಂಗಡಿ ತೆರೆದಿದ್ದರು. ಇದರಿಂದ ಆ ಬಡಾವಣೆಯ ಬಿಳಿಯ ವರ್ತಕನ ಲಾಭ ಕುಗ್ಗಿತು, ದ್ವೇಷ ಬೆಳೆಯಿತು. 1892ರ ಮಾರ್ಚ್ ತಿಂಗಳ ಒಂದು ರಾತ್ರಿ ಅಂಗಡಿಗೆ ಬಂದ ಶಸ್ತ್ರಧಾರಿಗಳ ಮೇಲೆ ಒಳಗಿದ್ದವರು ಗುಂಡು ಹಾರಿಸಿದರು. ಗಾಯಗೊಂಡವರು ಷರೀಫನ ಸಹಾಯಕರು. ಬಿಳಿಯರ ಪತ್ರಿಕೆಗಳು ಆ ಅಂಗಡಿಯನ್ನು ಕುಡುಕರ, ಜೂಜುಕೋರರ ಬೀಡೆಂದು ಬಣ್ಣಿಸಿದವು. ಕೆಲವೇ ದಿನಗಳಲ್ಲಿ ಒಂದು ಗುಂಪು ಮಾಸ್‌ನನ್ನೂ ಇಬ್ಬರು ಸಂಗಡಿಗರನ್ನೂ ಸೆರೆಮನೆಯಿಂದ ಎಳೆದೊಯ್ದು ಕೊಂದಿತು.

ಮಾಸ್‌ನ ಗೆಳತಿ ಐಡಾ ಬಿ. ವೆಲ್ಸ್, ಗುಲಾಮಗಿರಿಯಲ್ಲಿ ಹುಟ್ಟಿ, ಉಪಾಧ್ಯಾಯಿನಿಯಾಗಿ, ಆಗ ಅದೇ ಊರಿನ 'ಫ್ರೀ ಸ್ಪೀಚ್' ಪತ್ರಿಕೆಯ ಸಂಪಾದಕಿಯಾಗಿದ್ದರು. ಅತ್ಯಾಚಾರಿಗಳನ್ನಷ್ಟೇ ಜನ ಹೀಗೆ ದಂಡಿಸುತ್ತಾರೆಂಬ ಪ್ರಚಲಿತ ಸಮರ್ಥನೆಯನ್ನು ಅವರು ಪ್ರಶ್ನಿಸಿದರು. ಮೇ ತಿಂಗಳಲ್ಲಿ, ಅವರು ಊರಿನಲ್ಲಿಲ್ಲದಾಗ, ಗುಂಪೊಂದು ಪತ್ರಿಕೆಯ ಕಚೇರಿಯನ್ನು ಧ್ವಂಸಮಾಡಿತು. ವೆಲ್ಸ್ ನ್ಯೂಯಾರ್ಕಿನಲ್ಲಿ ನಿಂತು ಬರೆದರು. ಅವರ ಕ್ರಮ ಗಮನಾರ್ಹವಾದುದು: ತಮ್ಮವರ ಮಾತನ್ನು ಪಕ್ಷಪಾತವೆಂದಾರೆಂದು, ಬಿಳಿಯರದೇ ಆದ 'ಷಿಕಾಗೋ ಟ್ರಿಬ್ಯೂನ್' ಪ್ರಕಟಿಸಿದ ಲೆಕ್ಕವನ್ನೇ ಸಾಕ್ಷಿಗೆ ಕರೆದರು. 8 ವರ್ಷಗಳಲ್ಲಿ ಹೀಗೆ ಹತರಾದವರು 728 ಮಂದಿ. ಅವರಲ್ಲಿ ಮೂರನೆಯ ಒಂದು ಭಾಗದವರ ಮೇಲೆ ಮಾತ್ರವೇ ಅತ್ಯಾಚಾರದ ಆರೋಪವಾದರೂ ಇದ್ದದ್ದು.

ಇಂಥ ಕೊಲೆಗಳಲ್ಲಿ ಮರಣ ವಿಚಾರಣೆಯ ಪಂಚರು ಬರೆಯುತ್ತಿದ್ದ ಷರಾ ಬಹುಮಟ್ಟಿಗೆ ಒಂದೇ: ಅಜ್ಞಾತ ವ್ಯಕ್ತಿಗಳಿಂದ ಮರಣ. ವ್ಯಾಕರಣ ಬಲ್ಲ ನಮಗೆ ಇದರ ಮರ್ಮ ತಿಳಿಯುತ್ತದೆ. ಸತ್ತವನಿಗೆ ಹೆಸರಿದೆ, ಅಪವಾದವಿದೆ; ಕೊಂದ ಕರ್ತೃ ಮಾತ್ರ ವಾಕ್ಯದಿಂದ ತಪ್ಪಿಸಿಕೊಂಡಿದ್ದಾನೆ. ದಿನವೂ ಇಂಥ ವಾಕ್ಯಗಳನ್ನು ಓದುವ ಸಜ್ಜನನೂ, ತಾನು ಕ್ರೂರಿಯಲ್ಲವೆಂದುಕೊಳ್ಳುತ್ತಲೇ, ಆ ಕೊಲೆಗೆ ಒಪ್ಪಿಗೆ ಕೊಟ್ಟಿರುತ್ತಾನೆ.

ವೆಲ್ಸ್ 1931ರಲ್ಲಿ ತೀರಿಕೊಂಡರು. ಅಲಬಾಮಾದ 'ಮಾಂಟ್ಗೊಮರಿ ಅಡ್ವರ್ಟೈಸರ್' ಪತ್ರಿಕೆ ತನ್ನ ಹಳೆಯ ವರದಿಗಳಿಗಾಗಿ ಕ್ಷಮೆ ಕೇಳಿದ್ದು 2018ರಲ್ಲಿ. ವೆಲ್ಸ್ ಅವರಿಗೆ ಪುಲಿಟ್ಜರ್ ಗೌರವ ಸಂದದ್ದು 2020ರಲ್ಲಿ. ಇಂಥ ಗುಂಪುಕೊಲೆ ಅಮೆರಿಕದ ಕೇಂದ್ರ ಶಾಸನದಲ್ಲಿ ಪ್ರತ್ಯೇಕ ಅಪರಾಧವೆನಿಸಿದ್ದು 2022ರಲ್ಲಿ. ಪತ್ರಿಕೆ ಒಂದೇ ದಿನದಲ್ಲಿ ಕೊಟ್ಟ ತೀರ್ಪನ್ನು ತಿದ್ದಲು ನ್ಯಾಯಕ್ಕೆ ನೂರು ವರ್ಷಗಳೂ ಸಾಲಲಿಲ್ಲ.